‘ಹೈಡ್’ಗೆ ‘ಒಕ್ಕಲು’ ಅಂದ್ರೆ ಒಪ್ಪತ್ತಾ?

ಎಲ್ರಿಗೂ ನಮಸ್ಕಾರ. ಹಳೇ ಇಂಗ್ಲೆಂಡಿನ ಭೂದಾನ ಪತ್ರಗಳ ಬಗ್ಗೆ ಒಂದು ಬರಹ ಕನ್ನಡಕ್ಕೆ ತರ್ತಿದೀನಿ, ಒಂದೇ ಒಂದು ಪದಕ್ಕೆ ಗಾಡಿ ನಿಂತಿದೆ. ಆಗಿನ ಇಂಗ್ಲೆಂಡಿನ ರಾಜ್ಯಗಳಲ್ಲೊಂದಾದ ಮರ್ಸಿಯಾದ ರಾಜ ಎಥೆಲ್‌ಬಾಲ್ಡ್ 736ರಲ್ಲಿ ಸ್ಟೌರ್ ಹೊಳೆ ಪಕ್ಕ ಇಸ್ಮಿಯರ್ ಅನ್ನೋ ಕಡೆ ಮಠ ಕಟ್ಟೋಕೆ ಅಂತ ಕ್ಯೂನೆಬರ್ಟ್ ಅನ್ನೋನಿಗೆ ಹತ್ತು ‘ಹೈಡ್’ ನೆಲ ಕೊಡ್ತಾನೆ. ನಾನು ಡಿಕ್ಷನರಿ ನಂಬ್ಕೊಂಡು ‘ಹತ್ತು ತೊಗಲು ಭೂಮಿ’ ಅಂತ ಬರೆದಿದ್ದೆ, ಓದಿದ ಗೆಳೆಯ ಕುರೀದೋ ಎಮ್ಮೇದೋ ಅಂದ! (ಪತ್ರ ಬರೆದಿದ್ದು ತೊಗಲಿನ ಮೇಲೇ, ಅದು ಬೇರೆ ಮಾತು.)

ಆಮೇಲೆ ನೋಡಿದ್ರೆ ಈ ಹೈಡ್‌ಗೂ ಚರ್ಮಕ್ಕೂ ಸಂಬಂಧಾನೇ ಇಲ್ಲ, ಹಳೇ ಇಂಗ್ಲಿಷಲ್ಲಿ ಮನೆತನ ಅನ್ನೋ ಪದದಿಂದ ಬಂದಿದ್ದು, ಒಂದು ಸಂಸಾರ ಬದುಕೋಕೆ ಬೇಕಾದಷ್ಟು ನೆಲ. ಆ ಕಾಲದ ಇತಿಹಾಸ ಬರೆದ ಸನ್ಯಾಸಿ ಬೀಡ್ ಕೂಡ ಥಾನೆಟ್ ದ್ವೀಪದ ಅಳತೆ ಹೇಳೋವಾಗ ಇಂಗ್ಲಿಷರ ಲೆಕ್ಕದಲ್ಲಿ 600 ಸಂಸಾರ ಅಂತಾನೇ ಬರೀತಾನೆ. 120 ಎಕರೆ ಅಂತ ಹಾಕ್ಬಿಡಿ ಅಂತ ಒಬ್ರು ಅಂದ್ರು, ಆದ್ರೆ ಅದು ಊರಿಂದೂರಿಗೆ ಬದಲಾಗೋದು, ಅಳತೆಗಿಂತ ಹೆಚ್ಚಾಗಿ ಕಂದಾಯದ ಲೆಕ್ಕ. ನಮ್ಮ ಶಾಸನಗಳ ‘ಮತ್ತರು’ ಹಾಕೋಣ ಅಂದ್ರೆ ಅದು ಕೋಲು ಹಿಡಿದು ಅಳೆದ ನೆಲ, ಇಲ್ಲಿ ಕೂರಲ್ಲ.

ನಂಗೆ ಹೊಳೆದಿದ್ದು ‘ಹತ್ತು ಒಕ್ಕಲಿನ ನೆಲ’. ತಕರಾರು ಏನಂದ್ರೆ ಈಗಿನ ಕಿವಿಗೆ ಒಕ್ಕಲು ಅಂದ್ರೆ ಗೇಣಿದಾರ, ‘ಒಕ್ಕಲೆಬ್ಬಿಸು’ ನೆನಪಾಗತ್ತೆ. ಆದ್ರೆ ನೋಡಿ, ದಾನ ಆದ್ಮೇಲೂ ಉಳೋರು ಅಲ್ಲೇ ಇರ್ತಿದ್ರು, ರಾಜಂಗೆ ಹೋಗ್ತಿದ್ದ ದವಸ ಧಾನ್ಯ ಮಠಕ್ಕೆ ಹೋಗ್ತಿತ್ತು ಅಷ್ಟೇ, ಹಾಗಾಗಿ ಆ ಛಾಯೆ ಬಂದ್ರೂ ನಷ್ಟ ಇಲ್ಲ ಅನ್ಸತ್ತೆ.

ತಮಾಷೆ ಅಂದ್ರೆ ಕಷ್ಟ ಅಂದ್ಕೊಂಡಿದ್ದ ಎಲ್ಲೆಯ ಭಾಗ ಸಲೀಸಾಗಿ ಬಂತು. ಎಷ್ಟೋ ಪತ್ರಗಳಲ್ಲಿ ದಾನದ ಮಾತು ಲ್ಯಾಟಿನ್, ಗಡಿ ಮಾತ್ರ ಊರ ಮಾತಲ್ಲಿ, ಹಳೇ ಮುಳ್ಳುಮರ, ಬೂದುಗಲ್ಲು, ಹೊಳೆಗುಂಟ ಕೆಳಕ್ಕೆ ಅಂತ. ಗಂಗರ ತಾಮ್ರಪಟಗಳಲ್ಲೂ ಸಂಸ್ಕೃತ ಬಿಟ್ಟು ಎಲ್ಲೆಗೆ ಕನ್ನಡಕ್ಕೆ ಇಳೀತಾರಲ್ಲ, ಅದೇ ಧಾಟಿ.

ಇನ್ನೊಂದು, ಪತ್ರದ ಮೂಲಕ ಬಂದ ಇಂಥ ನೆಲಕ್ಕೆ ಅವರು ‘ಬುಕ್‌ಲ್ಯಾಂಡ್’ ಅಂತಿದ್ರು, ಆಗ ಬುಕ್ ಅಂದ್ರೆ ದಾನಪತ್ರಾನೂ ಹೌದು. ‘ಪುಸ್ತಕದ ನೆಲ’ ಅಂತೂ ಬೇಡ. ‘ಪತ್ರದ ನೆಲ’ ಅಂದ್ರೆ ಓದೋರಿಗೆ ಪಹಣಿ, ಖಾತೆ ನೆನಪಾಗತ್ತಾ? ‘ಉಂಬಳಿ’ ಅಂದ್ರೆ ಹೇಗೆ?