ಅಪ್‌ಡೇಟ್: ಫಿಟ್ಸ್ ಕಡಿಮೆಯಾದರೂ ತಮ್ಮ ಮಂಕಾಗಿರೋದು ಯಾಕೆ?

ತಮ್ಮನಿಗೆ ಫಿಟ್ಸ್ ಕಡಿಮೆಯಾದರೂ ಮಂಕಾಗಿಯೇ ಇದ್ದಾನೆ, ಇದನ್ನು ಅಳೆಯೋದು ಹೇಗೆ ಅಂತ ಕೇಳಿದ್ದೆ. ಉತ್ತರಿಸಿದವರಿಗೆಲ್ಲ ಥ್ಯಾಂಕ್ಸ್.

ಡಾಕ್ಟರ್ ಎರಡು ಅಳತೆ ತೆಗೆದುಕೊಂಡರು. ಎನ್‌ಎಚ್‌ಎಸ್3 ಅನ್ನೋ ಪ್ರಶ್ನೆಪಟ್ಟಿ ನೋಡೋದು ಫಿಟ್ಸ್ ಎಷ್ಟು ಜೋರು ಅಂತ: ಬೀಳುತ್ತಾನಾ, ಗಾಯ ಆಗುತ್ತಾ, ಸರಿಹೋಗೋಕೆ ಎಷ್ಟು ಹೊತ್ತು. ಇದಕ್ಕೆ ನಾನೇ ಜಾಸ್ತಿ ಉತ್ತರ ಕೊಟ್ಟೆ. ಆ ಹೊತ್ತಲ್ಲಿ ಅವನಿಗೆ ಎಚ್ಚರ ಎಲ್ಲಿರುತ್ತೆ, ಅಲ್ವಾ?

ಇನ್ನೊಂದು ಕ್ಯೂಒಎಲ್‌ಐಇ-31. ಬದುಕಿನ ಬಗ್ಗೆ 31 ಪ್ರಶ್ನೆ, ಅವನೇ ತುಂಬಬೇಕು. ಅಂಕ 100ಕ್ಕೆ ಹತ್ತಿರವಾದಷ್ಟು ಒಳ್ಳೆಯದು. ಮಾತ್ರೆಯ ತೊಂದರೆ, ನೆನಪು-ಗಮನ, ಈ ಎರಡು ಭಾಗದಲ್ಲೇ ತೀರಾ ಕಡಿಮೆ ಬಂತು. "ಓದಿದ ಸಾಲನ್ನೇ ಮತ್ತೆ ಮತ್ತೆ ಓದ್ತೀನಿ" ಅಂದ. ಮನೆಯಲ್ಲಿ ಯಾವತ್ತೂ ಬಾಯಿಬಿಟ್ಟಿರಲಿಲ್ಲ! ಒಟ್ಟು ಅಂಕಕ್ಕಿಂತ ಈ ಬಿಡಿ ಅಂಕಗಳೇ ಉಪಯೋಗಕ್ಕೆ ಬಂದವು ಅನ್ನಿಸುತ್ತೆ.

ಡಾಕ್ಟರ್ ಮಾತ್ರೆಯನ್ನು ನಿಧಾನವಾಗಿ ಬದಲಿಸುತ್ತಿದ್ದಾರೆ. ಆಮೇಲೆ ಮತ್ತೆ ಇದೇ ಫಾರ್ಮ್ ತುಂಬಿಸಿ ಹೋಲಿಸಿ ನೋಡ್ತಾರಂತೆ.