ನವೆಂಬರ್ 1ರಂದು ಬೇರೇನೆಲ್ಲ ಆಗಿದೆ?

ಬದಿಯಡ್ಕದ ಮಾಷ್ಟ್ರು: ನಮ್ಮ ಕನ್ನಡ ಮೀಡಿಯಂ ಮಕ್ಕಳಿಗೆ ನವೆಂಬರ್ 1ಕ್ಕೆ ಕ್ವಿಜ್ ಮಾಡಿಸಬೇಕು. ಆ ದಿನ ಬೆಳಿಗ್ಗೆ ಅಸೆಂಬ್ಲಿಯಲ್ಲಿ ಕೇರಳ ಪಿರವಿ (ಕೇರಳ ಹುಟ್ಟಿದ ದಿನ), ಸಂಜೆ ರಾಜ್ಯೋತ್ಸವ. ಎರಡಕ್ಕೂ ನನ್ನದು ಅದೇ ಬಿಳಿ ಅಂಗಿ! 1956ರಲ್ಲಿ ಕೇರಳ ಆದದ್ದು, ಮೈಸೂರು ರಾಜ್ಯ ದೊಡ್ಡದಾದದ್ದು ಮಕ್ಕಳಿಗೆ ಬಾಯಿಪಾಠ. ಬೇರೇನಾದರೂ ಇದ್ದರೆ ಹೇಳಿ ಮಾರಾಯ್ರೆ.

ಕುಂಬಳೆಯವ: 1973ರಲ್ಲಿ ಮೈಸೂರು ರಾಜ್ಯಕ್ಕೆ ಕರ್ನಾಟಕ ಅಂತ ಹೆಸರಾದದ್ದೂ ಅದೇ ದಿನ ಅಲ್ವಾ ಮಾಷ್ಟ್ರೇ? 1966ರಲ್ಲಿ ಹರಿಯಾಣ, 2000ದಲ್ಲಿ ಛತ್ತೀಸ್‌ಗಢ.

ಅಡೂರಿನ ಅಕ್ಕ: ಅಷ್ಟು ದೂರ ಯಾಕೆ ಹೋಗ್ತೀರಿ? 1956ರಲ್ಲೇ ಜಾಸ್ತಿ ಇದೆ. ಅದುವರೆಗೆ ಕಾಸರಗೋಡು ಮದ್ರಾಸು ರಾಜ್ಯದ ದಕ್ಷಿಣ ಕನ್ನಡ ಜಿಲ್ಲೆಯಲ್ಲಿತ್ತು. ಸಮುದ್ರದಾಚೆಯ ಅಮಿನಿದೀವಿ ದ್ವೀಪಗಳೂ ಅದೇ ಜಿಲ್ಲೆಗೆ ಸೇರಿದ್ದವು. ಆ ದಿನ ಮಂಗಳೂರು, ಉಡುಪಿ ಮೈಸೂರಿಗೆ ಹೋದವು. ನಾವು ಕೇರಳಕ್ಕೆ. ದ್ವೀಪಗಳು ಕೇಂದ್ರಾಡಳಿತಕ್ಕೆ, ಅಂದರೆ ಈಗಿನ ಲಕ್ಷದ್ವೀಪಕ್ಕೆ. ಒಂದೇ ಜಿಲ್ಲೆ, ಮೂರು ಪಾಲು! ಚಂದ್ರಗಿರಿ ಹೊಳೆಯ ಉತ್ತರ ಭಾಗ ಮೈಸೂರಿಗೆ ಸೇರಲಿ ಅಂತ 1967ರಲ್ಲಿ ಮಹಾಜನ ಆಯೋಗ ಹೇಳಿತು, ಜಾರಿ ಮಾತ್ರ ಆಗಲಿಲ್ಲ.

ಬದಿಯಡ್ಕದ ಮಾಷ್ಟ್ರು: ಅಕ್ಕಾ, ದ್ವೀಪದ ಪ್ರಶ್ನೆ ಕೊನೆಯ ಸುತ್ತಿಗೆ ಇಟ್ಟೆ. ಹರಿಯಾಣ ಟೈಬ್ರೇಕರ್‌ಗೆ.