ಮೇಲೆ ಕೆಳಗೆ ಎರಡೂ ಕಡೆ ಅ² ಇದ್ದರೂ ಹೊಡೆದು ಹಾಕಬಾರದು ಯಾಕೆ?

ಪ್ರಶ್ನೆ:
ಮಗಳು ಒಂಬತ್ತನೇ ಕ್ಲಾಸು. (ಅ² − 9)/(ಅ² + 5ಅ + 6) ಇದನ್ನು ಸುಲಭ ರೂಪಕ್ಕೆ ತರಬೇಕಂತೆ. ಎರಡೂ ಕಡೆಯ ಅ² ಹೊಡೆದು ಹಾಕಿ −9/(5ಅ + 6) ಅಂತ ಬರೆದಿದ್ದಾಳೆ. ಪುಸ್ತಕದ ಹಿಂದೆ (ಅ − 3)/(ಅ + 2) ಅಂತಿದೆ. ಅ = 0 ಹಾಕಿ ನೋಡಿದರೆ ಎರಡರಲ್ಲೂ −3/2 ಬರುತ್ತದೆ! "6/8ರಲ್ಲಿ 2 ಹೊಡೆಯುತ್ತೇವಲ್ಲ, ಇಲ್ಲಿ ಯಾಕೆ ಆಗಲ್ಲ?" ಅಂತ ಕೇಳುತ್ತಾಳೆ. ಏನು ಹೇಳಲಿ ಸರ್?

ಉತ್ತರ:
6/8 ಅಂದರೆ (2 × 3)/(2 × 4). ಅಲ್ಲಿ 2 ಗುಣಾಕಾರದಲ್ಲಿದೆ, ಅದಕ್ಕೇ ಹೋಗುತ್ತದೆ. ಅದೇ 6/8 ಅನ್ನು (2 + 4)/(2 + 6) ಅಂತ ಬರೆದು 2 ಹೊಡೆಯಲು ಹೇಳಿ. 4/6 ಬರುತ್ತದೆ. 3/4 ಎಲ್ಲಿ, 2/3 ಎಲ್ಲಿ! ಕೂಡಿರುವ ಪದವನ್ನು ಹೊಡೆಯುವ ಹಾಗಿಲ್ಲ, ಅಪವರ್ತನವನ್ನು ಮಾತ್ರ ಹೊಡೆಯಬಹುದು. ಅವಳ ಲೆಕ್ಕದಲ್ಲಿ ಅ² ಬರೀ ಪದ.

ಹಾಗಾಗಿ ಮೊದಲು ಎರಡನ್ನೂ ಅಪವರ್ತಿಸಬೇಕು. ಅಂಶ ಎರಡು ವರ್ಗಗಳ ವ್ಯತ್ಯಾಸ: (ಅ + 3)(ಅ − 3). ಛೇದಕ್ಕೆ, ಗುಣಿಸಿದರೆ 6, ಕೂಡಿಸಿದರೆ 5 ಬರುವ ಜೋಡಿ ಬೇಕು. 2 ಮತ್ತು 3 ಅಲ್ವಾ? ಅಂದರೆ (ಅ + 2)(ಅ + 3). ಈಗ (ಅ + 3) ಅನ್ನು ಆವರಣ ಸಮೇತ ಹೊಡೆಯಿರಿ. ಪುಸ್ತಕದ ಉತ್ತರ ಸಿಕ್ಕಿತು. ಅಲ್ಲಿಗೇ ನಿಲ್ಲಿಸಿ, ಉಳಿದ ಅ ಮುಟ್ಟಬೇಡಿ.

0 ಹಾಕಿದಾಗ ಅ² ತಾನೇ ಮಾಯವಾಗುತ್ತದೆ, ಅದನ್ನು ಹೊಡೆದದ್ದು ಗೊತ್ತೇ ಆಗುವುದಿಲ್ಲ. ಅ = 1 ಹಾಕಿ ನೋಡಿ. ಮೂಲದಲ್ಲಿ −8/12, ಅಂದರೆ −2/3. ಪುಸ್ತಕದ್ದೂ −2/3. ಅವಳದ್ದು −9/11. ಒಂದು ಸಂಖ್ಯೆಗೆ ತಾಳೆಯಾದ ಮಾತ್ರಕ್ಕೆ ಸರಿ ಅನ್ನಲಾಗದು, ತಾಳೆಯಾಗದಿದ್ದರೆ ಮಾತ್ರ ತಪ್ಪು ಖಂಡಿತ. ಪ್ರತಿ ಲೆಕ್ಕಕ್ಕೂ ಇದನ್ನು ಮಾಡಿಸಿ.

ಮತ್ತೆ ಪ್ರಶ್ನೆ:
ಅವಳಿಗೆ ಅರ್ಥವಾಯಿತು ಸರ್, ತುಂಬಾ ಥ್ಯಾಂಕ್ಸ್. ಮುಂದಿನದು (3 − ಅ)/(ಅ² − 9). ಮೇಲೆ 3 − ಅ, ಕೆಳಗೆ ಅ − 3. ಉಲ್ಟಾ ಇದೆ, ಹೊಡೆಯಬಹುದಾ?

ಉತ್ತರ:
ಹೊಡೆಯಬಹುದು, ಆದರೆ ಮೈನಸ್ ಉಳಿಯುತ್ತದೆ. 3 − ಅ ಅಂದರೆ −(ಅ − 3). ಹಾಗಾಗಿ ಉತ್ತರ −1/(ಅ + 3). ಮೇಲೆ ಎಲ್ಲಾ ಹೋಯಿತು ಅಂತ ಸೊನ್ನೆ ಬರೆಯುವ ಮಕ್ಕಳು ಜಾಸ್ತಿ. ಅಲ್ಲಿ 1 ಇದ್ದೇ ಇರುತ್ತದೆ.

ಇನ್ನೊಂದು ವಿಷಯ. ಮೊದಲ ಲೆಕ್ಕದಲ್ಲಿ ಅ = −3 ಹಾಕಿದರೆ ಮೂಲದಲ್ಲಿ 0/0, ಅದಕ್ಕೆ ಬೆಲೆಯೇ ಇಲ್ಲ. ಸುಲಭ ರೂಪದಲ್ಲಿ ಮಾತ್ರ 6 ಬಂದುಬಿಡುತ್ತದೆ. ಅದಕ್ಕೇ ಹೊಡೆಯುವ ಮುಂಚೆಯೇ ಅಪವರ್ತಿಸಿದ ಛೇದ ನೋಡಿ, ಪಕ್ಕದಲ್ಲಿ ಅ ≠ −2, ಅ ≠ −3 ಅಂತ ಬರೆಸಿ.